ಕಡಲಿಗೆ ಮುಂಚೆ ಮಳವಳ್ಳಿ

ಕೊಪ್ಪದ ಮರಿತಾಯಮ್ಮ ಐವತ್ತಾರನೇ ವಯಸ್ಸಿನಲ್ಲಿ ಮೊದಲ ಸಲ ಕಡಲು ನೋಡುವುದೆಂದು ಗೊತ್ತು ಮಾಡಿಕೊಂಡಳು. ಹೊರಡುವುದಕ್ಕೆ ಮೂರು ದಿನವಿರುವಾಗ ಗಂಡ ಕೆಂಪರಾಜುವನ್ನು ಎಬ್ಬಿಸಿಕೊಂಡು ಮಳವಳ್ಳಿಯ ಬಸ್ಸು ಹತ್ತಿದಳು. ಅಲ್ಲಿ ತಂಗಿ ಭಾಗ್ಯಲಕ್ಷ್ಮಿಯ ಮನೆಯಲ್ಲಿ ಒಂದು ರಾತ್ರಿ ಇದ್ದು ಬರುವುದು, ಅಷ್ಟೇ ಕೆಲಸ. ಆದರೆ ಚೀಲ ಮಾತ್ರ ಮುರುಡೇಶ್ವರಕ್ಕೆ ಕಟ್ಟಿದ್ದೇ. ಜ್ವರದ ಮಾತ್ರೆ, ಪಿನ್ನು, ಟಾರ್ಚು, ಒಂದು ಮಾರು ಹಗ್ಗ, ಆಧಾರ್ ಕಾರ್ಡಿನ ಜೆರಾಕ್ಸು, ಚಪ್ಪಲಿ ಕಿತ್ತರೆ ಇರಲೆಂದು ಇನ್ನೊಂದು ಜೊತೆ.

"ಕಡ್ಲು ನೋಡಕ್ ಮುಂಚೆ ಮಳವಳ್ಳಿ ಯಾಕಮ್ಮಿ ನೋಡ್ಬೇಕು?" ಎಂದು ಮದ್ದೂರು ದಾಟಿದ ಮೇಲೆ ಕೆಂಪರಾಜು ಕೇಳಿದ.

"ನಾವಿಲ್ದೆ ಮನೆ ಎಂಗ್ ನಡೀತದೆ ಅಂತ ನೋಡಕ್ಕೆ."

"ಮನೆ ಎಲ್ಲಿಗ್ ನಡ್ಕೊಂಡೋದಾದು?"

"ಮನೆ ಓಗಲ್ಲ. ಹಸ?"

ಕೆಂಪರಾಜು ಕಿಟಕಿಯ ಕಡೆ ತಿರುಗಿದ. ಹಸುವಿನ ಮಾತು ಬಂದರೆ ಆ ಮನೆಯಲ್ಲಿ ಅವನಿಗೆ ದನಿ ಇರಲಿಲ್ಲ.

ಅದು ಕಪ್ಪು ಬಿಳಿ ಮಚ್ಚೆಯ ಸೀಮೆಹಸು. ಬೆಳಿಗ್ಗೆ ಏಳು ಲೀಟರು, ಸಂಜೆ ಐದು. ಮರಿತಾಯಮ್ಮನ ಕೈ ಬಿಟ್ಟು ಇನ್ನೊಬ್ಬರ ಕೈ ಕಂಡಿರಲಿಲ್ಲ. ಎರಡು ಸಲ ಕೆಂಪರಾಜು ಕೂತು ನೋಡಿದ್ದ. ಎರಡು ಸಲವೂ ಮೊಣಕಾಲಿಗೆ ಎಣ್ಣೆ ಹಚ್ಚಿಕೊಂಡಿದ್ದ. ಆದ್ದರಿಂದಲೇ ಆರು ವರ್ಷದಿಂದ ಮರಿತಾಯಮ್ಮ ಯಾವ ಮದುವೆಗೆ ಹೋದರೂ ಸಂಜೆ ಐದಕ್ಕೆ ಮನೆಯಲ್ಲಿರುತ್ತಿದ್ದಳು. ಈ ಸಲ ಅವಳು ಹಟ ಹಿಡಿದು, ಪಕ್ಕದ ಮನೆಯ ನಾಗಮಣಿಯನ್ನು ಎಂಟು ದಿನ ಹಸುವಿನ ಬಳಿ ಕೂರಿಸಿ ಹಾಲು ಕರೆಯಲು ಕಲಿಸಿದ್ದಳು. ಎಂಟನೇ ದಿನ ಹಸು ಬಾಲ ಕೂಡ ಬೀಸಲಿಲ್ಲ. ಆದರೂ ಅವಳಿಗೆ ನಂಬಿಕೆ ಬರಲಿಲ್ಲ. ಘಟ್ಟ ಇಳಿದ ಮೇಲೆ ಎಡವಟ್ಟಾದರೆ ಏನು ಮಾಡುವುದು? ಅದಕ್ಕಿಂತ ಮೊದಲೇ ಒಂದು ಸಲ, ಹತ್ತಿರದಲ್ಲೇ ಆಗಿಹೋಗಲಿ ಎಂದು ಈ ಮಳವಳ್ಳಿ.

ಇಲ್ಲೇ ಕೆಟ್ಟರೆ ಪ್ರಯಾಣವೇ ಇಲ್ಲ. ಮುರುಡೇಶ್ವರಕ್ಕೆ ಕರೆದೊಯ್ಯುವ ವ್ಯಾನಿನವನು ಮದ್ದೂರಿನ ಅಂಬರೀಶ್. ನಾಳೆ ಬೆಳಿಗ್ಗೆ ಎಂಟರೊಳಗೆ ಹೂಂ ಅನ್ನಿ, ಇಲ್ಲವೇ ಗಾಡಿ ಬೇರೆಯವರಿಗೆ ಕೊಡುತ್ತೇನೆ ಎಂದಿದ್ದ.

ಸಂಜೆ ಆರಕ್ಕೆ ನಾಗಮಣಿ ಫೋನು ಮಾಡಿದಳು. "ಎಲ್ಲಾ ಸಲೀಸಾಯ್ತು ಕಣಕ್ಕ. ಒಂಚೂರು ಕಮ್ಮಿ ಬುಡ್ತು. ಡೈರಿಗೂ ಹಾಕ್ಬುಟ್ಟು ಬಂದೆ."

ಭಾಗ್ಯಲಕ್ಷ್ಮಿ ಚಪ್ಪಾಳೆ ತಟ್ಟಿದಳು. ಅವಳೂ ಅವಳ ಗಂಡನೂ ಅದೇ ವ್ಯಾನಿನಲ್ಲಿ ಬರುವವರಿದ್ದರು. "ನೋಡ್ದಾ ಅಕ್ಕ? ಸುಮ್ಸುಮ್ನೆ ಎದ್ರಿಕೊಂಡೆ."

ಅಷ್ಟರಲ್ಲಿ ಡೈರಿಯಿಂದ ದಿನವೂ ಬರುವ ಮೆಸೇಜು ಬಂತು. ಮರಿತಾಯಮ್ಮನಿಗೆ ಅಕ್ಷರ ಅಷ್ಟಕ್ಕಷ್ಟೆ. ಅಂಕಿ ಮಾತ್ರ ಚೆನ್ನಾಗಿ ಬರುತ್ತಿತ್ತು. ಲೀಟರು ಮೂರೂವರೆ. ಫ್ಯಾಟು ಆರೂವರೆ.

ಅವಳು ಕನ್ನಡಕ ಒರೆಸಿಕೊಂಡು ಇನ್ನೊಮ್ಮೆ ನೋಡಿದಳು. ಅವಳ ಹಸುವಿನ ಹಾಲಿನ ಫ್ಯಾಟು ಯಾವತ್ತೂ ಮೂರೂವರೆ ದಾಟಿರಲಿಲ್ಲ. ಊರಿನಲ್ಲಿ ಆರೂವರೆ ಬರುವುದು ಎಮ್ಮೆ ಹಾಲಿಗೆ. ಎಮ್ಮೆ ಇದ್ದದ್ದು ನಾಗಮಣಿಯ ಮನೆಯಲ್ಲಿ.

ಮತ್ತೆ ಫೋನು ಹಚ್ಚಿದಳು. "ನಾಗಮಣಿ, ನನ್ನ ಹಸ ಯಾವಾಗಮ್ಮ ಎಮ್ಮೆ ಆಯ್ತು?"

ಆ ಕಡೆಯಿಂದ ಅಳು ಬಂತು. ಹಸು ಬಕೆಟ್ಟನ್ನು ಒದ್ದು ಬೀಳಿಸಿತ್ತು. ಒಂದು ತೊಟ್ಟು ಹಾಲೂ ಬಿಟ್ಟಿರಲಿಲ್ಲ. ನಿಜ ಹೇಳಿದರೆ ಅಕ್ಕ ಕಡಲು ಬಿಟ್ಟು ಓಡಿಬರುತ್ತಾಳೆಂದು ನಾಗಮಣಿ ತನ್ನ ಎಮ್ಮೆ ಹಾಲನ್ನು ಅಕ್ಕನ ಕ್ಯಾನಿಗೆ ಸುರಿದಿದ್ದಳು.

"ನೀನ್ ಈ ಸಲ ಓಗ್ದಿದ್ರೆ ಇನ್ನ್ ಯಾವತ್ತೂ ಓಗಲ್ಲ ಕಣಕ್ಕ. ಅದ್ಕೇ ಮಾಡ್ದೆ."

ಮರಿತಾಯಮ್ಮ ಫೋನಿಟ್ಟು ಚೀಲ ಎತ್ತಿಕೊಂಡಳು. ಹಾಲು ತುಂಬಿದ ಕೆಚ್ಚಲನ್ನು ಹಾಗೇ ಬಿಟ್ಟರೆ ಬಾವು ಬರುತ್ತದೆ. ಮದ್ದೂರಿನ ಬಸ್ಸಿಗೆ ಇನ್ನೂ ಅರ್ಧ ಗಂಟೆ ಇತ್ತು.

ಕೆಂಪರಾಜು ಚಪ್ಪಲಿ ಮೆಟ್ಟಿಕೊಂಡ. "ನಡಿ ಮತ್ತೆ. ಈಗೊರ್ಟ್ರೆ ಒಂದೂವರೆ ಗಂಟೇಲಿ ಊರು. ಕಡ್ಲು ಎಲ್ಲೂ ಓಗಲ್ಲ."

ಅವಳು ಹೊಸಲಿನ ಮೇಲೆ ನಿಂತಳು. ಬೀದಿಯಲ್ಲಿ ಯಾರೋ ಸ್ಕೂಟರಿನ ಹಿಂದೆ ಕಬ್ಬಿನ ಸೋಗೆ ಕಟ್ಟಿಕೊಂಡು ಹೋದರು. ಅದು ತಿರುವಿನಲ್ಲಿ ಮರೆಯಾಗುವ ತನಕ ನೋಡಿದಳು.

"ಇಲ್ಲಿಂದೇನೋ ಬಸ್ಸದೆ," ಎಂದಳು. "ಮುರುಡೇಶ್ವರದಿಂದ ಒಂದೂವರೆ ಗಂಟೇಲಿ ಊರಿಗೆ ಯಾವ ಬಸ್ಸದೆ?"

"ಅಂಗಾದ್ರೆ?"

"ನಾವೀಗ ಕಡ್ಲತ್ರ ಇದೀವಿ ಅನ್ಕೊಳಿ. ಚಪ್ಲಿ ಬುಡಿ."

ಚೀಲ ಕೆಳಗಿಟ್ಟು ಅಲ್ಲೇ ಕೂತಳು. ಎಂಟು ದಿನವೂ ನಾಗಮಣಿ ಹೇಗೆ ಕರೆದಳು, ತಾನೆಲ್ಲಿ ನಿಂತಿದ್ದೆ ಎಂದು ಯೋಚಿಸಿದಳು. ಎಂಟು ದಿನವೂ ತಾನು ಹಸುವಿನ ಮುಂದೆ ನಿಂತು ಕತ್ತಿನ ಕೆಳಗಿನ ಗಂಗೆದೊಗಲು ನೀವುತ್ತಿದ್ದಳು. ನಾಗಮಣಿ ಕಲಿತಿದ್ದಳು, ನಿಜ. ಹಸು ಮಾತ್ರ ಮರಿತಾಯಮ್ಮ ಎದುರಿಲ್ಲದೆ ಹಾಲು ಬಿಡುವುದನ್ನು ಕಲಿತಿರಲಿಲ್ಲ. ತಪ್ಪು ಯಾರದೆಂದು ಗೊತ್ತಾಗಿ ಅವಳಿಗೆ ನಗು ಬಂತು.

"ಫೋನ್ನ ಹಸದ ಕಿವಿಗ್ ಹಿಡೀಲಿ, ಇಲ್ಲಿಂದ್ಲೇ ಎಲ್ಡ್ ಬಯ್ದ್ಬುಡು," ಎಂದ ಕೆಂಪರಾಜು.

"ಕೂಡ್ದು. ಅಲ್ಲಿ ನೆಟ್ವರ್ಕ್ ಇಲ್ದಿದ್ರೆ? ನನ್ ದನೀನೂ ಅದ್ಕೆ ಸಿಗ್ಬಾರ್ದು."

ನಾಗಮಣಿಗೆ ಮತ್ತೆ ಫೋನು ಮಾಡಿದಳು. ಈ ಸಲ ಗದರಲಿಲ್ಲ. "ಅಳ್ಬೇಡ, ಕೇಳುಸ್ಕೊ. ಕರೂನ ಬಿಚ್ಚಿ ಹಸದ ಮುಂದೆ ಕಟ್ಟು, ನೆಕ್ಕಂಗಿರ್ಲಿ. ನೆನೆಸಿದ್ ಬೂಸಾ ಇಡು. ನೀನು ಒಂದ್ ಅರ್ಧ ಗಂಟೆ ಅಲ್ಲೇ ಸುಮ್ಕೆ ಕೂತಿರು, ಮುಟ್ಟಬ್ಯಾಡ. ಆಮೇಲೆ ಕರೂನ ಒಂದ್ ಕಡೆ ಬುಡು, ನೀನು ಇನ್ನೊಂದ್ ಕಡೆ ಕರಿ. ಬಂದಷ್ಟು ಬರ್ಲಿ. ಬಂದ ಹಾಲು ನಿಮ್ಮನೇಗ್ ತಗಂಡೋಗು."

"ಒದ್ರೆ?"

"ಒದ್ರೆ ಒದೀತು ಅಂತ ಹೇಳು. ಕೆಚ್ಚಲು ಬಾತ್ರೆ ಇಲ್ಲಿಂದ್ಲೇ ಏನಾರಾ ಮದ್ದು ಹೇಳ್ಬೋದು ಕಣಮ್ಮ. ಸುಳ್ಳು ಹೇಳ್ಬುಟ್ರೆ ನಾನ್ ಯಾವ್ದುಕ್ ಮದ್ದು ಹೇಳ್ಲಿ?"

ಹೊತ್ತು ಹೋಗುವುದು ಕಷ್ಟವಾಯಿತು. ಬಸ್ಸು ಹೊರಡುವ ಹೊತ್ತಿಗೆ ಅವಳು ಎದ್ದು ತಂಗಿಯ ಅಡುಗೆಮನೆಗೆ ಹೋಗಿ, ಯಾರೂ ಕೇಳದಿದ್ದರೂ ಸೊಪ್ಪು ಸೋಸತೊಡಗಿದಳು. ಕೆಂಪರಾಜು ಬಾಗಿಲಲ್ಲಿ ಇಣುಕಿ ಹೋದ. ಎಂಟಕ್ಕೆ ಮುಂಚೆ ಫೋನು ಬಂತು. ಎರಡೂವರೆ ಲೀಟರು ಕರೆದಳಂತೆ, ಉಳಿದದ್ದು ಕರು ಕುಡಿಯಿತಂತೆ.

"ಕೆಚ್ಚಲು ಮುಟ್ನೋಡ್ದಾ?"

"ಮೆತ್ಗದೆ ಕಣಕ್ಕ."

"ಸರಿ. ಉಣ್ಣೋಗು."

ಬೆಳಿಗ್ಗೆ ನಾಲ್ಕೂವರೆಗೆ ಎಂದಿನಂತೆ ಅವಳಿಗೆ ಎಚ್ಚರವಾಯಿತು. ಫೋನಿನ ಕಡೆ ಕೈ ಹೋಯಿತು. ಕೈಯನ್ನು ಹಿಂದಕ್ಕೆಳೆದುಕೊಂಡು ಹೊದಿಕೆಯೊಳಗೆ ಇಟ್ಟುಕೊಂಡಳು. ಬೆಳಕು ಹರಿಯುವ ತನಕ ಹಾಗೇ ಮಲಗಿದ್ದಳು. ಎಷ್ಟೋ ವರ್ಷದ ಮೇಲೆ ಮೊದಲ ಸಲ.

ಆರೂವರೆಗೆ ನಾಗಮಣಿಯೇ ಮಾಡಿದಳು. "ಒದೀತು ಅಕ್ಕ. ತೊಡೆ ನೀಲಿಗಟ್ಟದೆ. ಆದ್ರೂ ಬುಡ್ನಿಲ್ಲ, ಐದು ಲೀಟ್ರು ಕರ್ದೆ. ನಿಜ ಹೇಳ್ತಿವ್ನಿ."

"ಗೊತ್ತಾಯ್ತದೆ ಬುಡು," ಎಂದು ಮರಿತಾಯಮ್ಮ ನಕ್ಕಳು. "ತೊಡೆಗೆ ಬಿಸ್ನೀರ್ ಕಾವು ಕೊಡು. ಇವತ್ ಸಂಜೇನೂ ನೀನೇ ಕರಿ. ನಾನು ಕೊಟ್ಗೆ ಕಡೆಗೇ ಬರಕಿಲ್ಲ."

ಕಾಫಿ ಕುಡಿದು ಅಂಬರೀಶನಿಗೆ ಫೋನು ಮಾಡಿದಳು. "ಗಾಡಿ ತಗಂಬಾರಪ್ಪ. ನಾಳಿದ್ದು ಐದ್ಗಂಟೆಗೆ ಕೊಪ್ಪ."

"ಗಾಡಿ ಬತ್ತದೆ ಅಮ್ಮ. ಕಡೇ ಗಳಿಗೇಲಿ ನೀವ್ ಕೈ ಕೊಡಲ್ಲ ತಾನೆ?"

"ಕೊಡಲ್ಲ. ಅದಿರ್ಲಿ, ನೀನು ಎಷ್ಟೋ ಸಲ ಓಗ್ಬಂದವ್ನು. ಒಂದ್ ಮಾತು ಕೇಳ್ತೀನಿ, ನಗ್ಬ್ಯಾಡ."

"ಕೇಳಿ."

"ದಡದಲ್ಲಿ ನಿಂತ್ಕೊಂಡ್ರೆ ಆ ಅಲೆ ಎಲ್ಲೀಗಂಟ ಬತ್ತದೆ? ಮಂಡೀಗಂಟಾನಾ, ಸೊಂಟದಗಂಟಾನಾ?"