ಎದ್ದು ಬರುವ ಅಜ್ಜಿ

ನಮ್ಮ ಟಾಕೀಸಿನಲ್ಲಿ ಮೂವತ್ತೆರಡು ವರ್ಷಗಳಿಂದ ಭಾನುವಾರ ಬೆಳಗಿನ ಆಟಕ್ಕೆ ಒಂದೇ ಸಿನಿಮಾ. ಅಜ್ಜಿಯೊಬ್ಬಳು ಇಬ್ಬರು ಮೊಮ್ಮಕ್ಕಳನ್ನು ಹಾರುವ ದೋಣಿಯಲ್ಲಿ ಕೂರಿಸಿಕೊಂಡು ಏಳು ಸಮುದ್ರ ದಾಟುತ್ತಾಳೆ. ಕೊನೆಯ ಸಮುದ್ರದಲ್ಲಿ ರಾಕ್ಷಸ ಅವಳನ್ನು ಕಲ್ಲು ಮಾಡುತ್ತಾನೆ. ಮರುಕ್ಷಣವೇ ಅವಳು ದೋಣಿಯಲ್ಲಿ ಕೂತು ಮೊಮ್ಮಗನ ಅಂಗಿಗೆ ಗುಂಡಿ ಹೊಲಿಯುತ್ತಿರುತ್ತಾಳೆ. ಹೇಗೆ ಎದ್ದಳೆಂದು ನಮ್ಮೂರಿನಲ್ಲಿ ಯಾರೂ ಕೇಳಿದವರಲ್ಲ. ಅಜ್ಜಿಯರಿಗೆ ಕೆಲಸವಿರುತ್ತದೆ, ಏಳುತ್ತಾರೆ. ಕಡೆಗೆ ಮಕ್ಕಳಿಬ್ಬರೇ ಮನೆ ಸೇರುತ್ತಾರೆ. ಅಜ್ಜಿ ದೋಣಿ ನಿಲ್ಲಿಸಿ ಬರಲು ಹೋಗಿದ್ದಾಳೆಂಬುದು ಊರಿನ ತೀರ್ಮಾನ.

ನಿಜ ಏನೆಂದರೆ, ಆಪರೇಟರ್ ಆಗಿದ್ದ ನಮ್ಮಪ್ಪ ಮೊದಲ ದಿನವೇ ಆರನೆಯ ರೀಲಿಗೆ ಮುಂಚೆ ಏಳನೆಯದನ್ನು ಹಾಕಿಬಿಟ್ಟಿದ್ದರು. ಡಬ್ಬಿಗಳ ಮುಚ್ಚಳ ಅದಲುಬದಲಾಗಿದ್ದವು. ಗೊತ್ತಾಗುವಷ್ಟರಲ್ಲಿ ಕೆಳಗೆ ಮಕ್ಕಳು ಕುರ್ಚಿ ಹತ್ತಿ ಕುಣಿಯುತ್ತಿದ್ದರು. ಮುಂದಿನ ವಾರ ಸರಿಯಾಗಿ ಹಾಕಲು ಅಪ್ಪನಿಗೆ ಧೈರ್ಯ ಬರಲಿಲ್ಲ. ಹಾಕಿದರೆ ಹಿಂದಿನ ವಾರದ್ದು ತಪ್ಪೆಂದು ತಿಳಿಯುತ್ತದಲ್ಲ. ಆಮೇಲೆ ಊರಿನವರು ಅವರನ್ನು ತಪ್ಪೇ ಮಾಡದ ಆಪರೇಟರ್ ಎಂದು ಹೊಗಳಿ, ಟಿಕೆಟ್ ಕಿಟಕಿಯ ಮೇಲೆ ಫೋಟೋ ಬೇರೆ ಹಾಕಿದರು. ಬಿಸಿ ತುಪ್ಪ, ನುಂಗುವಂತಿಲ್ಲ, ಉಗುಳುವಂತಿಲ್ಲ.

ಕಣ್ಣು ಮಂಜಾದ ಮೇಲೆ ಅಪ್ಪ ಕೆಲಸವನ್ನೂ ಗುಟ್ಟನ್ನೂ ನನಗೆ ಒಪ್ಪಿಸಿದರು. "ಸಾಯೋದ್ರೊಳಗೆ ಒಂದ್ಸಲ ಎಲ್ಲರ ಮುಂದೆ ಒಪ್ಕೊಂಡು ಹಗುರಾಗ್ಬೇಕಮ್ಮ" ಎನ್ನುತ್ತಿದ್ದರು. ನಾನೂ ಬಾಯಿಬಿಡದೆ ಅವರ ಕ್ರಮದಲ್ಲೇ ರೀಲು ಓಡಿಸಿದೆ.

ಹೋದ ತಿಂಗಳು ರೀಲು ಸವೆದು ತುಂಡಾಯಿತು. ಸಿನಿಮಾ ಕಂಪನಿಯ ಅಧಿಕಾರಿಯೇ ಹೊಸ ಪ್ರತಿ ತಂದರು. ಅದು ಡಿಜಿಟಲ್, ರೀಲೇ ಇಲ್ಲ, ಅದಲುಬದಲು ಮಾಡುವುದೇನನ್ನು? ಬಟನ್ ಒತ್ತಿದೆ. ಅಜ್ಜಿ ಮೊದಲು ಗುಂಡಿ ಹೊಲಿದಳು, ಆಮೇಲೆ ಕಲ್ಲಾದಳು, ಕಲ್ಲಾಗಿಯೇ ಉಳಿದಳು.

ದೀಪ ಹತ್ತಿದಾಗ ನಮ್ಮೂರಿನ ಹಲ್ಲಿನ ಡಾಕ್ಟರು ಎದ್ದು ನಿಂತರು. "ಸ್ವಾಮಿ, ನಮ್ಮಜ್ಜೀನ ಯಾಕೆ ಕೊಂದ್ರಿ?"

"ಸಿನಿಮಾ ಇರೋದೇ ಹೀಗೆ ಸಾರ್," ಎಂದರು ಅಧಿಕಾರಿ.

"ಯಾರ ಕಿವಿ ಮೇಲೆ ಹೂವಿಡ್ತೀರಿ? ನಾನು ನಾನೂರು ಸಲ ನೋಡಿದೀನಿ."

ಆಗ ಅಪ್ಪ ಎದ್ದರು. "ಕಂಪನಿಯವ್ರು ಹೇಳ್ತಿರೋದು ನಿಜ. ಏಳನೇ ರೀಲು ಮುಂಚೆ ಹಾಕಿದ್ದು ನಾನು. ತಪ್ಪು ನಂದು."

ಡಾಕ್ಟರು ಬಂದು ಅಪ್ಪನ ಭುಜ ಹಿಡಿದು ಕೂರಿಸಿದರು. "ನಿಮ್ಮ ಕೈಲಿ ತಪ್ಪಾ ಯಜಮಾನ್ರೇ? ವಯಸ್ಸಾಯ್ತು, ಪಾಪ." ಯಾರೋ ನೀರು ತಂದರು. ವಯಸ್ಸಾದವರ ಬಾಯಲ್ಲಿ ಸುಳ್ಳು ಹೇಳಿಸುತ್ತೀರಾ ಎಂದು ಅಧಿಕಾರಿಯ ಮೇಲೆ ಎಲ್ಲರೂ ಹರಿಹಾಯ್ದರು.

"ನೀನಾದ್ರೂ ಹೇಳಮ್ಮ," ಅಪ್ಪ ನನ್ನತ್ತ ತಿರುಗಿದರು.

ಹೇಳಬೇಕಿತ್ತು. ಆದರೆ ಅಮ್ಮ ತೀರಿಕೊಂಡ ವರ್ಷ, ಪ್ರತಿ ಭಾನುವಾರ ಆ ಅಜ್ಜಿ ಏಳುವುದನ್ನು ಕಣ್ಣಾರೆ ನೋಡಿಯೇ ನಾನು ಎರಡು ತುತ್ತು ತಿನ್ನುತ್ತಿದ್ದದ್ದು. ಅವಳನ್ನು ನನ್ನ ಬಾಯಿಂದ ಸಾಯಿಸಲು ನನಗಾಗಲಿಲ್ಲ.

"ಅಪ್ಪಂಗೆ ಈಚೆಗೆ ಮರೆವು," ಎಂದೆ.

ಸಿನಿಮಾದ ತಪ್ಪನ್ನು ತಿದ್ದಿಕೊಡಬೇಕೆಂದು ಊರಿನವರು ಕಂಪನಿಗೆ ಅಲ್ಲೇ ಅರ್ಜಿ ಬರೆದರು. ಮೊದಲ ಸಹಿ ಅಪ್ಪನದೇ ಆಗಬೇಕೆಂದು ಎಲ್ಲರ ಹಟ. ಪೆನ್ನನ್ನು ನಾನೇ ಅವರ ಕೈಗೆ ಕೊಟ್ಟೆ. ಅಪ್ಪ ಸಹಿ ಹಾಕಿದರು. ಇವತ್ತಿಗೂ ನನ್ನೊಡನೆ ಮಾತಾಡಿಲ್ಲ.