ಹೆಂಗಸರ ವಾರ್ಡು

"ಗಂಡಸ್ರನ್ನ ಒಳಗೆ ಬಿಡಲ್ಲ. ಸಂಜೆ ಮೇಲೆ ಹೆಂಗಸ್ರು ಮಾತ್ರ."

ವಾರ್ಡಿನ ಬಾಗಿಲಲ್ಲಿ ಸ್ಟೂಲು ಹಾಕಿ ಕುಳಿತಿದ್ದ ಆಯಾ ಕಾಲು ಅಡ್ಡ ಚಾಚಿದಳು. ನಿಶು ಗಂಜಿಯ ಫ್ಲಾಸ್ಕನ್ನು ಎದೆಗೆ ಒತ್ತಿಕೊಂಡು ಅಲ್ಲೇ ನಿಂತರು. ಮಂಚಗಳ ಸಾಲಿನ ಕೊನೆಯಲ್ಲಿ ಅಮ್ಮನ ಕಾಲು ಮಾತ್ರ ಕಾಣುತ್ತಿತ್ತು. ತೊಡೆಯಿಂದ ಮೊಣಕಾಲಿನವರೆಗೆ ಪಟ್ಟಿ ಸುತ್ತಿ ದಿಂಬಿನ ಮೇಲೆ ಎತ್ತಿಟ್ಟಿದ್ದರು.

"ನಾನು ಅವರ..." ಎಂದು ತೊಡಗಿದ ಮಾತು ಅಲ್ಲಿಗೇ ನಿಂತಿತು. ಮಗ ಎಂದರೆ ಒಳಗೆ ಬಿಡುವುದಿಲ್ಲ. ಮಗಳು ಎನ್ನಲು ನಾಲಿಗೆ ಏಳಲಿಲ್ಲ.

ಔಷಧಿಯ ಚೀಲ ಹಿಡಿದು ಹಿಂದಿನಿಂದ ಬಂದ ಅಣ್ಣ ನವೀನನೇ ಆ ಕೆಲಸ ಮುಗಿಸಿದ. "ಅವ್ಳು ನನ್ನ ತಂಗಿ ಕಣಮ್ಮ. ಹೆಣ್ಣೇ. ಕೂದ್ಲು ನೋಡಿ ಹೇಳ್ಬೇಡಿ."

ಆಯಾ ಎದ್ದು ನಿಂತು, ಗಿಡ್ಡ ಕ್ರಾಪಿನಿಂದ ಪ್ಯಾಂಟಿನ ಅಂಚಿನವರೆಗೆ ಒಮ್ಮೆ ನೋಡಿದಳು. ಅವಳ ನೋಟದಲ್ಲಿ ಕೆಡುಕೇನೂ ಇರಲಿಲ್ಲ, ದಣಿವಿತ್ತು. "ಹೌದಾ? ಹಂಗಾದ್ರೆ ಹೆಣ್ಣಿನ ಹಂಗೆ ಬರ್ಲಿ ಮಾರಾಯ. ಒಳಗೆ ವಯಸ್ಸಿನ ಹುಡುಗೀರು ಮಲಗಿದಾರೆ. ಯಾರಾದ್ರೂ ಕೂಗಾಡಿದ್ರೆ ನನ್ನ ಕೆಲ್ಸ ಹೋಗ್ತದೆ."

ನವೀನ ಅಮ್ಮನ ಬಟ್ಟೆಯ ಚೀಲದಿಂದ ಒಂದು ನೈಟಿಯನ್ನೂ ಒಂದು ವೇಲನ್ನೂ ಎಳೆದು ಕೊಟ್ಟ. ಓಣಿಯ ಕೊನೆಯಲ್ಲಿ ಎರಡು ಬಾಗಿಲುಗಳಿದ್ದವು. ಒಂದರ ಮೇಲೆ ಮೀಸೆಯ ಮುಖ, ಇನ್ನೊಂದರ ಮೇಲೆ ಬೊಟ್ಟಿಟ್ಟ ಮುಖ. ನಿಶು ವರ್ಷಗಳಿಂದ ಇಂಥ ಬಾಗಿಲುಗಳನ್ನು ತಪ್ಪಿಸಿಕೊಂಡೇ ಬದುಕಿದ್ದರು. ಪ್ರಯಾಣವಿದ್ದ ದಿನ ನೀರನ್ನೇ ಕುಡಿಯುತ್ತಿರಲಿಲ್ಲ. ಆ ಸಂಜೆ ಬೊಟ್ಟಿನ ಮುಖದ ಬಾಗಿಲು ದೂಡಿ ಒಳಗೆ ಹೋಗಿ, ಶರ್ಟಿನ ಮೇಲೆಯೇ ಅಮ್ಮನ ನೈಟಿ ಇಳಿಬಿಟ್ಟುಕೊಂಡರು. ಅದರಲ್ಲಿ ಅಮ್ಮನ ಮನೆಯ ಸೀಗೆಕಾಯಿ ವಾಸನೆ ಇತ್ತು.

ಹುಟ್ಟಿದಾಗ ಇಟ್ಟ ಹೆಸರು ನಿಶ್ಚಿತಾ. ನರಸಿಂಹರಾಜಪುರದ ಮನೆಯಲ್ಲಿ ಬೆಳೆದದ್ದು ಆ ಹೆಸರಿನಲ್ಲೇ. ತಾನು ಹುಡುಗಿಯಲ್ಲ ಎಂಬುದು ಚಿಕ್ಕಂದಿನಲ್ಲೇ ತಿಳಿದಿತ್ತು. ಹಾಗಾದರೆ ಹುಡುಗನಿರಬೇಕು ಎಂದುಕೊಂಡು ಕೆಲವು ವರ್ಷ ಕಳೆದವು. ಅದೂ ಮೈಗೆ ಹೊಂದಲಿಲ್ಲ. ಎರಡೂ ಅಲ್ಲದವರಿಗೆ ಒಂದು ಹೆಸರಿದೆ ಎಂದು ಮೊಬೈಲಿನಲ್ಲಿ ಓದಿದ ದಿನ ಕೆರೆಯ ಏರಿಯ ಮೇಲೆ ಒಬ್ಬರೇ ಕುಳಿತು ಅತ್ತಿದ್ದರು. ಆದರೆ ಮೊಬೈಲಿನ ಹೊರಗೆ ಆ ಮಾತನ್ನು ಯಾರೂ ಆಡುತ್ತಿರಲಿಲ್ಲ. ಮನೆಯಲ್ಲಿ ಗಂಡು ನೋಡಿದಾಗ ನಿಶು ಒಲ್ಲೆನೆಂದು ಹೊರಬಿದ್ದರು. ಶಿವಮೊಗ್ಗದ ಬಟ್ಟೆ ಅಂಗಡಿಯಲ್ಲಿ ಸೀರೆಯ ಕೌಂಟರಿಗೆ ಹುಡುಗಿಯರು, ಪ್ಯಾಂಟಿನ ಕೌಂಟರಿಗೆ ಹುಡುಗರು ಎಂದಿತ್ತು. ಎರಡೂ ಕಡೆ ನಿಲ್ಲಿಸಿ ನೋಡಿ ಕೊನೆಗೆ ಅಂಗಡಿಯವರೇ ಬೇಡವೆಂದರು. ಬಾಡಿಗೆಗೆ ಕೋಣೆ ಕೇಳಿದಲ್ಲೆಲ್ಲ ಮನೆ ಯಜಮಾನರು ಮೊದಲು ಮುಖ ನೋಡುತ್ತಿದ್ದರು, ಆಮೇಲೆ ಆಧಾರ್ ಕಾರ್ಡು ನೋಡುತ್ತಿದ್ದರು, ಆಮೇಲೆ ಕೋಣೆ ಬೇರೆಯವರಿಗೆ ಹೋಯಿತು ಅನ್ನುತ್ತಿದ್ದರು.

ಉಳಿದದ್ದು ಕೊಪ್ಪ. ಬಸ್‌ಸ್ಟ್ಯಾಂಡಿನ ಬದಿಯಲ್ಲಿ ಮುಬಾರಕ್‌ನ ಬೇಕರಿ. ಕೇಕಿನ ಮೇಲೆ ಹೆಸರು ಬರೆಯಲು ಒಳ್ಳೆಯ ಕೈಬರಹದವರು ಅವನಿಗೆ ಬೇಕಿತ್ತು. ನಿಶು ಕ್ರೀಮಿನಲ್ಲಿ ಬರೆದ ಕನ್ನಡ ಅಕ್ಷರ ನೋಡಿ, "ಇದು ಅಚ್ಚು ಹಾಕಿದ ಹಾಗಿದೆಯಲ್ಲ!" ಎಂದ. ವಾರ ಕಳೆದ ಮೇಲೆ ತಲೆ ಕೆರೆದುಕೊಳ್ಳುತ್ತ ಕೇಳಿದ: "ತಪ್ಪು ತಿಳ್ಕೋಬೇಡಿ. ಅವನು ಅಂದ್ರೆ ನಿಮ್ಮ ಮುಖ ಸಣ್ಣ ಆಗ್ತದೆ. ಅವಳು ಅಂದ್ರೆ ಇನ್ನೂ ಸಣ್ಣ ಆಗ್ತದೆ. ನಾನು ಎಂತ ಹೇಳೋದು?"

"ನಂಗೂ ಗೊತ್ತಿಲ್ಲ ಭಾಯ್."

"ಹಂಗಾದ್ರೆ ಅವ್ರು ಅಂತೀನಿ. ನಮ್ಮ ಮೇಷ್ಟ್ರಿಗೂ ಅವ್ರು ಅಂತೀನಿ, ಎಂ.ಎಲ್.ಎ.ಗೂ ಅವ್ರು ಅಂತೀನಿ. ಯಾರಪ್ಪಂದು ಎಂತ ಹೋಗ್ತದೆ?"

ಅಂದಿನಿಂದ ಬೇಕರಿಯಲ್ಲಿ ಅವರು 'ಅವ್ರು' ಆದರು. ಒಲೆಯ ಮೇಲಿನ ಅಟ್ಟದ ಕೋಣೆಯನ್ನು ಮುಬಾರಕ್ ಬಿಟ್ಟುಕೊಟ್ಟ. ಬೇಸಗೆಯಲ್ಲಿ ಅದು ಕಾವಲಿಯಂತೆ ಕಾಯುತ್ತಿತ್ತು. ಆದರೆ ಒಳಗಿನಿಂದ ಚಿಲಕ ಹಾಕಿಕೊಳ್ಳಬಹುದಾಗಿತ್ತು. ಗಿರಾಕಿಗಳು ನಿಶುವನ್ನು ಸಣ್ಣ ದನಿಯ ಹುಡುಗನೆಂದೇ ತಿಳಿದಿದ್ದರು. ತಿಳಿದುಕೊಳ್ಳಲಿ ಎಂದು ನಿಶು ಬಿಟ್ಟಿದ್ದರು.

ಅಮ್ಮ ಸರೋಜ ಬಟ್ಟೆ ಒಗೆಯುವ ಕಲ್ಲಿನ ಹತ್ತಿರ ಪಾಚಿಯ ಮೇಲೆ ಜಾರಿ ತೊಡೆಮೂಳೆ ಮುರಿದುಕೊಂಡಾಗ ಅತ್ತಿಗೆ ರಮ್ಯ ತೀರ್ಥಹಳ್ಳಿಯ ತವರಿನಲ್ಲಿ ಬಾಳಂತಿ. ಆಪರೇಶನ್ನಿಗೆಂದು ಕೊಪ್ಪದ ನರ್ಸಿಂಗ್ ಹೋಮಿಗೆ ಕರೆತಂದ ನವೀನ ಇಷ್ಟು ಕಾಲದ ಮೇಲೆ ಮೊದಲ ಸಲ ಫೋನು ಮಾಡಿದ್ದ. "ಅಮ್ಮನ ಹತ್ರ ಮಲಗೋಕೆ ಹೆಂಗಸ್ರೇ ಬೇಕಂತೆ. ನೀ ಬರ್ತೀಯಾ?"

ನೈಟಿ ತೊಟ್ಟು, ವೇಲನ್ನು ತಲೆಯ ಮೇಲೆ ಹೊದ್ದು ನಿಶು ಮಂಚದ ಹತ್ತಿರ ಬಂದಾಗ ಸರೋಜ ಕಣ್ಣು ಬಿಟ್ಟು ನೋಡಿದಳು. "ಬಂದ್ಯಾ? ಊಟ ಆಯ್ತಾ?" ಎಂದಳು. ಅಮ್ಮನ ಜೊತೆ ಎದುರಾಬದುರು ಮಾತಾಡುವಾಗ ನಿಶುಗೆ ಎಂದೂ ನೋವಾಗಿರಲಿಲ್ಲ. ಬಾ, ಹೋಗು, ಉಣ್ಣು ಎನ್ನುವುದರಲ್ಲಿ ಗಂಡೂ ಇಲ್ಲ, ಹೆಣ್ಣೂ ಇಲ್ಲ. ಅಮ್ಮ ಇನ್ನೊಬ್ಬರ ಹತ್ತಿರ ಇವರ ವಿಷಯ ಹೇಳತೊಡಗಿದಾಗಲೇ ಮಾತು ಚುಚ್ಚುತ್ತಿತ್ತು.

ಹಾಗೆ ಹೇಳುವ ಹೊತ್ತು ಬೇಗ ಬಂತು. ಬಗ್ಗಿ ಗಂಜಿ ಕುಡಿಸುವಾಗ ವೇಲು ಜಾರಿತು. ಪಕ್ಕದ ಮಂಚದಲ್ಲಿ ಕೈಗೆ ಪ್ಲಾಸ್ಟರ್ ಹಾಕಿಸಿಕೊಂಡಿದ್ದ ಹತ್ತಿರದ ನಾರ್ವೆ ಹಳ್ಳಿಯ ಅಜ್ಜಿ ಕತ್ತು ಉದ್ದ ಮಾಡಿದಳು. "ಎಂತದು ಇದು, ಕೂದ್ಲು?"

ವಾರ್ಡಿನ ಇತರ ತಲೆಗಳೂ ಇತ್ತ ಹೊರಳಿದವು. ಸರೋಜ ಗಂಜಿ ನುಂಗಿಕೊಂಡು, ನೋವಿನಲ್ಲೂ ದನಿ ಏರಿಸಿ ಹೇಳಿದಳು: "ನನ್ನ ಮಗ್ಳು. ನಂಗೆ ಆಪರೇಶನ್ ಸಸೂತ್ರ ಆಗ್ಲಿ ಅಂತ ದೇವ್ರಿಗೆ ಮುಡಿ ಕೊಟ್ಟಿದಾಳೆ."

"ಅಯ್ಯೋ, ನನ್ನವ್ವ!" ಅಜ್ಜಿಯ ಕಣ್ಣಲ್ಲಿ ನೀರೇ ಬಂತು. "ಈಗಿನ ಕಾಲದಲ್ಲಿ ಯಾವ ಹುಡುಗಿ ಹೀಗೆ ಮಾಡ್ತದೆ ಹೇಳಿ."

ಆ ಒಂದು ಮಾತಿನಿಂದ ವಾರ್ಡು ನಿಶುಗೆ ತೆರೆದುಕೊಂಡಿತು. ಹೆಂಗಸರು ಬಾಳೆಹಣ್ಣು ಕೊಟ್ಟರು, ಕುಳಿತುಕೊಳ್ಳಲು ಜಾಗ ಕೊಟ್ಟರು, ತಮ್ಮ ಸೊಸೆಯಂದಿರಿಗೆ ಇವರನ್ನು ತೋರಿಸಿದರು. ಬಾಗಿಲಿನ ಆಯಾ ಕೂಡ ನಕ್ಕು ದಾರಿ ಬಿಡುತ್ತಿದ್ದಳು. ಅಮ್ಮನ ಮೈ ಒರೆಸುವುದು, ಬೆಡ್‌ಪ್ಯಾನ್ ಇಡುವುದು, ಜಡೆ ಹಾಕುವುದು, ಎಲ್ಲವನ್ನೂ ನಿಶು ಮಾಡಿದರು. ಅಜ್ಜಿ ಅದನ್ನೆಲ್ಲ ನೋಡಿ, ತನ್ನ ತಂಗಿಯ ಮಗನೊಬ್ಬನಿದ್ದಾನೆ, ಅಡಿಕೆ ತೋಟವಿದೆ, ಕುಡಿಯುವುದಿಲ್ಲ, ಕೂದಲು ಬರಲಿ, ಅವಸರವೇನಿಲ್ಲ ಎಂದಳು.

ಅಜ್ಜಿಯನ್ನು ಎಕ್ಸ್‌ರೇಗೆ ಒಯ್ದ ಮಧ್ಯಾಹ್ನ ನಿಶು ಅಮ್ಮನ ಕಿವಿಯ ಹತ್ತಿರ ಬಾಗಿ ಕೇಳಿದರು. "ಮುಡಿ ಕೊಟ್ಟಿದ್ದು ಅಂತ ಎಂತಕ್ಕೆ ಹೇಳ್ದೆ?"

"ಇನ್ನೆಂತ ಹೇಳ್ಲಿ?" ಸರೋಜ ಸೂರು ನೋಡುತ್ತಿದ್ದಳು. "ನಂಗೆ ಗೊತ್ತಿರೋ ಮಾತು ಎರಡೇ. ನೀನು ಎರಡೂ ಅಲ್ಲ ಅಂತೀಯ. ಮೂರನೇದು ನಂಗೆ ಯಾರು ಕಲ್ಸಿದಾರೆ? ನಿನ್ನ ಆಚೆ ಕಳ್ಸಿಬಿಟ್ರೆ ನಾನು ಯಾರ ಹತ್ರ ಬೆಡ್‌ಪ್ಯಾನ್ ಕೇಳ್ಲಿ?"

ನಿಶುಗೆ ಸಿಟ್ಟು ಬಂತು. ಆದರೆ ಅದನ್ನು ಇಳಿಸಲು ಜಾಗ ಕಾಣಲಿಲ್ಲ. ಅಮ್ಮನ ತುಟಿ ಒಣಗಿತ್ತು. ಹತ್ತಿ ನೆನೆಸಿ ಒರೆಸಿದರು.

ಅಜ್ಜಿಯನ್ನು ನೋಡಲು ಮೊಮ್ಮಗ ಧರ್ಮೇಶ್ ಬಂದದ್ದು ಮರುದಿನ, ಹೊರಗಿನವರನ್ನು ಬಿಡುವ ಹೊತ್ತಿನಲ್ಲಿ. ಅಜ್ಜಿ ಹೆಮ್ಮೆಯಿಂದ, "ನೋಡು, ಮುಡಿ ಕೊಟ್ಟ ಹುಡುಗಿ ಅಂದ್ನಲ್ಲ, ಇವ್ಳೇ," ಎಂದಳು. ಧರ್ಮೇಶ್ ನೋಡಿದ. ಮತ್ತೊಮ್ಮೆ ನೋಡಿದ. "ಏ, ಇದು ಬೇಕರಿಯವ್ನಲ್ವಾ? ನನ್ನ ಮಗಳ ಬರ್ತ್‌ಡೇ ಕೇಕಿನ ಮೇಲೆ ಹೆಸರು ಬರ್ದಿದ್ದು ಇವ್ನೇ!" ಎಂದು ಜೋರಾಗಿ ನಕ್ಕ. ಆ ನಗೆಯಲ್ಲಿ ದ್ವೇಷವಿರಲಿಲ್ಲ. ಹೊರಗೆ ಹೋಗಿ ಚಹಾದಂಗಡಿಯಲ್ಲಿ ಗೆಳೆಯರಿಗೂ ಅದನ್ನು ಒಂದು ತಮಾಷೆಯೆಂದೇ ಹೇಳಿದ್ದಿರಬೇಕು. ಆದರೆ ಚಹಾದಂಗಡಿಯಿಂದ ಹೊರಟ ಮಾತು ಬಸ್‌ಸ್ಟ್ಯಾಂಡಿಗೆ ಮುಟ್ಟುವಷ್ಟರಲ್ಲಿ ತಮಾಷೆಯಾಗಿ ಉಳಿಯಲಿಲ್ಲ.

ಮರುದಿನ ಬೆಳಿಗ್ಗೆ ಬಟ್ಟೆ ಬದಲಿಸಲು ನಿಶು ಬೇಕರಿಗೆ ಹೋದಾಗ ಮುಬಾರಕ್ ಅರ್ಧ ಶಟರು ಎಳೆದು ಒಳಗೆ ಕುಳಿತಿದ್ದ.

"ನಿನ್ನೆ ನಾಲ್ಕು ಜನ ಬಂದಿದ್ರು," ಎಂದ. "ಎಂತೂ ತಗೊಳ್ಳಿಲ್ಲ. ಮೇಲಿನ ರೂಮಿನಲ್ಲಿ ಯಾವ ಹುಡುಗಿ ಇಟ್ಕೊಂಡಿದ್ದೀಯ ಅಂತ ಕೇಳಿದ್ರು. ಯಾರ ಮನೆ ಹುಡುಗಿ, ಯಾವ ಜಾತಿ, ಗಂಡಸಿನ ವೇಷ ಎಂತಕ್ಕೆ ಹಾಕ್ಸಿದ್ದೀಯ ಅಂತ."

"ನೀವೆಂತ ಹೇಳಿದ್ರಿ?"

"ನಾನೆಂತ ಹೇಳೋದು? ಅವ್ರು ಹುಡುಗಿ ಅಲ್ಲ ಅಂದೆ. ಹಂಗಾದ್ರೆ ಆಸ್ಪತ್ರೆಯಲ್ಲಿ ಹೆಂಗಸ್ರ ವಾರ್ಡಲ್ಲಿ ಹೆಂಗೆ ಮಲಗಿದ್ದು ಅಂತ ಕೇಳಿದ್ರು." ಮುಬಾರಕ್ ಟವೆಲ್ಲಿನಿಂದ ಮುಖ ಒರೆಸಿಕೊಂಡ. "ನಂಗೆ ನೀವು ಯಾರಾದ್ರೂ ಒಂದೇ. ಇಷ್ಟು ದಿನ ಊರಿಗೂ ಒಂದೇ ಆಗಿತ್ತು. ಈಗ ಅವ್ರ ಲೆಕ್ಕದಲ್ಲಿ ನೀವು ಹಿಂದೂ ಹುಡುಗಿ, ನಾನು ಸಾಬಿ. ಇನ್ನು ನಾನು ಎಂತ ಹೇಳಿದ್ರೂ ಕೇಳಲ್ಲ. ಮನೇಲಿ ಹೆಂಡ್ತಿ ಇದಾಳೆ, ಶಾಲೆಗೆ ಹೋಗೋ ಮಕ್ಕಳಿದಾವೆ."

ನಿಶು ಗಾಜಿನ ಪೆಟ್ಟಿಗೆಯ ಕಡೆ ನೋಡಿದರು. ಹೆಸರಿಲ್ಲದ ಕೇಕೊಂದು ಅಲ್ಲಿ ಕಾಯುತ್ತಿತ್ತು.

"ಯಾರದಿದು?"

"ಬಿಡಿ. ನಾನೇ ಹೆಂಗೋ ಬರೀತೀನಿ."

"ಹೆಸ್ರು ಹೇಳಿ ಭಾಯ್."

ಮುಬಾರಕ್ ಹೆಸರು ಹೇಳಿದ. ನಿಶು ಕೈ ತೊಳೆದು, ಕ್ರೀಮಿನ ಕೋನು ಹಿಡಿದು ನಿಧಾನವಾಗಿ ಬರೆದರು. ಆಮೇಲೆ ಅಟ್ಟಕ್ಕೆ ಹತ್ತಿ ಬಟ್ಟೆ ತುಂಬಿಕೊಂಡರು. ಮೆಟ್ಟಿಲಿಳಿದು ಬರುವಾಗ ಮುಬಾರಕ್ ಬೆನ್ನು ತಿರುಗಿಸಿ, ಖಾಲಿ ಟ್ರೇಗಳನ್ನು ಒಂದರ ಮೇಲೊಂದು ಜೋಡಿಸುತ್ತಿದ್ದ. ಎದುರಿಗೆ ನೋಡಲು ಅವನಿಂದಾಗುತ್ತಿಲ್ಲವೆಂದು ತಿಳಿದು ನಿಶು ಹಿತ್ತಲ ಬಾಗಿಲಿನಿಂದ ಹೊರಟರು.

ನರ್ಸಿಂಗ್ ಹೋಮಿನ ಅಂಗಳದಲ್ಲಿ ನವೀನ ಕಾಯುತ್ತಿದ್ದ. ಡಿಸ್ಚಾರ್ಜ್ ಆಗಿತ್ತು. ಮೂರು ತಿಂಗಳು ಕಾಲೂರುವಂತಿಲ್ಲ ಎಂದು ಡಾಕ್ಟರು ಹೇಳಿದ್ದರು. ತಂಗಿಯೆಂದು ಅವನು ಕರೆಯುವ ಈ ಜೀವದ ಕೈಯಲ್ಲಿದ್ದ ದೊಡ್ಡ ಚೀಲ ನೋಡಿ ಅವನಿಗೆ ಅರ್ಥವಾಯಿತು. ಅವನ ಕಿವಿಗೂ ಸುದ್ದಿ ಬಿದ್ದಿತ್ತು.

"ಮನೆಗೆ ಬಂದ್ಬಿಡು," ಎಂದ. ದನಿಯಲ್ಲಿ ಗೆದ್ದ ಸೊಕ್ಕಿರಲಿಲ್ಲ. "ನೋಡು, ನಾನು ನಿಂಗೆ ಕೆಟ್ಟದ್ದು ಬಯಸೋನಲ್ಲ. ಆದ್ರೆ ಮನೇಲಿ ಈ ಪ್ಯಾಂಟು ಶರ್ಟು ಬೇಡ. ಮುಂದಿನ ತಿಂಗಳು ರಮ್ಯ ಕೂಸು ಕರ್ಕೊಂಡು ಬರ್ತಾಳೆ. ನೆಂಟರು ಬರ್ತಾರೆ. ಕೂದ್ಲು ಬಿಡು. ಅಮ್ಮಂಗೆ ಹುಷಾರಾಗೋ ತನಕ."

"ಹುಷಾರಾದ ಮೇಲೆ?"

ನವೀನ ಓಮ್ನಿಯ ಬಾಗಿಲು ಸರಿಸುತ್ತ, "ಆಮೇಲಿಂದು ಆಮೇಲೆ," ಎಂದ.

ನಿಶು ರಸ್ತೆಯ ಕಡೆ ನೋಡಿದರು. ಶೃಂಗೇರಿಗೆ ಹೋಗುವ ಬಸ್ಸೊಂದು ನಿಂತಿತ್ತು. ಕಂಡಕ್ಟರ್ ಕೂಗಿ ಜನ ಹತ್ತಿಸುತ್ತಿದ್ದ. ಹತ್ತಿದರೆ ಯಾತ್ರಿಕರ ವಸತಿಗೃಹಗಳಲ್ಲಿ ಕೆಲಸ ಕೇಳಬಹುದು. ಅಲ್ಲಿಯೂ ಕೆಲಸದವರು ಮಲಗುವ ಕೋಣೆ ಎರಡೇ ಇರುತ್ತವೆ. ಒಳಗಿನಿಂದ ಅಮ್ಮನ ದನಿ ಕೇಳಿತು, ಯಾರನ್ನೋ ಕರೆಯುತ್ತಿದ್ದಳು. ಹೆಸರು ಹಿಡಿದು ಅಲ್ಲ, "ಎಲ್ಲಿದ್ದೀಯ?" ಎಂದಷ್ಟೇ. ಬಸ್ಸು ಹೊರಟಿತು. ನಿಶು ಚೀಲದಿಂದ ವೇಲನ್ನು ತೆಗೆದು ತಲೆಯ ಮೇಲೆ ಎಳೆದುಕೊಂಡು ಒಳಗೆ ಹೋದರು. ಅಜ್ಜಿ ಈಗ ಗೋಡೆಯ ಕಡೆ ತಿರುಗಿ ಮಲಗಿದ್ದಳು. ಮದುವೆಯ ಮಾತು ಮತ್ತೆ ಬರಲಿಲ್ಲ.

ನರಸಿಂಹರಾಜಪುರದ ಮನೆಯಲ್ಲಿ ನಡುಕೋಣೆಯ ಮಂಚವನ್ನು ಕಿಟಕಿಯ ಹತ್ತಿರ ಎಳೆದಿದ್ದರು. ಓಮ್ನಿ ನಿಂತದ್ದನ್ನು ಕಂಡ ಅಕ್ಕಪಕ್ಕದವರು ಬಂದು, ಮಗಳು ಬಂದಳಲ್ಲ, ಇನ್ನು ಚಿಂತೆಯಿಲ್ಲ ಎಂದು ಹೇಳಿ ಹೋದರು. ನವೀನ ಗಾಡಿಯವನನ್ನು ಕಳಿಸಿ ಬರಲು ಹೊರಗೆ ಹೋದ. ಮನೆಯಲ್ಲಿ ಇಬ್ಬರೇ ಉಳಿದರು. ಸರೋಜಳ ಬೆನ್ನು ಗಾಲಿಕುರ್ಚಿಯಲ್ಲಿ ಕುಳಿತು ಸೋತಿತ್ತು.

"ಮಲಗಿಸ್ತೀಯಾ?"

ನಿಶು ಬಗ್ಗಿ ಅಮ್ಮನ ಕಂಕುಳಲ್ಲಿ ಕೈ ಕೊಟ್ಟರು. ಸರೋಜ ಎರಡೂ ತೋಳುಗಳಿಂದ ಅವರ ಕುತ್ತಿಗೆ ಬಳಸಿ, ಬೆರಳಿಗೆ ಬೆರಳು ಹೆಣೆದಳು. ಪಟ್ಟಿ ಸುತ್ತಿದ ಕಾಲು ಎಲ್ಲೂ ತಗುಲದಂತೆ, ಉಸಿರು ಬಿಗಿಹಿಡಿದು ಎತ್ತಿ, ಮಂಚದ ಮೇಲೆ ಇಳಿಸಿ, ತಲೆಯನ್ನು ದಿಂಬಿಗೆ ತಾಗಿಸಿದರು. ಅಮ್ಮನ ಕಣ್ಣು ಮುಚ್ಚಿತ್ತು. ನೋವು ಇಳಿದಿತ್ತೋ, ನಿದ್ದೆಯೇ ಹತ್ತಿತ್ತೋ, ತಿಳಿಯಲಿಲ್ಲ. ಕುತ್ತಿಗೆಯ ಹಿಂದೆ ಹೆಣೆದ ಬೆರಳುಗಳು ಮಾತ್ರ ಸಡಿಲವಾಗಲಿಲ್ಲ. ನಿಶು ಹಾಗೆಯೇ ಬಗ್ಗಿ ನಿಂತರು, ಒಂದು ಕೈ ಮಂಚದ ಪಟ್ಟಿಯ ಮೇಲೆ ಊರಿ, ಅಮ್ಮನ ಉಸಿರು ಕೆನ್ನೆಗೆ ತಾಗುವಷ್ಟು ಹತ್ತಿರ. ಕಿಟಕಿಯಾಚೆ ಪಕ್ಕದ ಮನೆಯವರು ಒಣಗಿದ ಬಟ್ಟೆಗಳನ್ನು ತಂತಿಯಿಂದ ಒಂದೊಂದಾಗಿ ತೆಗೆದುಕೊಳ್ಳುತ್ತಿದ್ದರು.