ಹುಳಿಯ ಅಳತೆ

ಮೂರನೆಯ ಮೊಟ್ಟೆಯ ಹಳದಿಯೂ ಒಡೆದು ಬಿಳಿಯೊಳಗೆ ಬೆರೆತುಹೋಯಿತು. ಮಗಳು ಬಟ್ಟಲನ್ನು ಬದಿಗೆ ತಳ್ಳಿ ಮೊಣಕೈಯಿಂದ ಕಣ್ಣೊರೆಸಿಕೊಂಡಳು.

"ಅಮ್ಮನ ಕೈಲಿ ಒಂದು ದಿನಾನೂ ಒಡೆದಿದ್ದು ನೋಡಿಲ್ಲ," ಎಂದಳು. "ಅಪ್ಪ, ಬಾದಾಮಿ ಬಾಟಲಿದು ಎಷ್ಟು, ನಿಂಬೆರಸ ಎಷ್ಟು ಹಾಕ್ತಿದ್ಲು?"

"ಗೊತ್ತಿಲ್ಲಮ್ಮ."

"ಮೂವತ್ತು ವರ್ಷ ಕುಡಿದಿದ್ದೀಯ."

"ಕುಡಿದಿದ್ದೀನಿ. ಮಾಡಿಲ್ಲ."

ಮಗಳು ಇನ್ನೊಂದು ಮೊಟ್ಟೆ ಕೈಗೆತ್ತಿಕೊಂಡಳು. ಅಡುಗೆಮನೆಯ ಮೇಜಿನ ಬಳಿ ಅಪ್ಪ ಬೆಳಗಿನ ಇಸ್ತ್ರಿ ಅಂಗಿಯಲ್ಲೇ ಕುಳಿತಿದ್ದರು. ಷೂಗೆ ಅಂಟಿದ್ದ ಮಣ್ಣು ಇನ್ನೂ ಒಣಗಿರಲಿಲ್ಲ. ಅಮ್ಮನನ್ನು ಮಣ್ಣು ಮಾಡಿ ಬಂದವರಲ್ಲಿ ಹೆಚ್ಚಿನವರು ಹೊರಟುಹೋಗಿದ್ದರು. ಮುಂದಿನ ಕೋಣೆಯಲ್ಲಿ ಉಳಿದವರು ಮೂವರೇ: ಹೆಂಡತಿಯ ತಮ್ಮ, ಪಕ್ಕದ ಮನೆಯ ಹೊಲಿಗೆಯಕ್ಕ, ಔಷಧಿ ಅಂಗಡಿಯ ಯಜಮಾನರು. ಮಾತಿಗೆ ಮಾತು ಬಂದು ತಮ್ಮ, "ಇವತ್ತು ಶನಿವಾರ ಅಲ್ವಾ? ಅಕ್ಕ ಇದ್ದಿದ್ರೆ ಐದು ಗಂಟೆಗೆ ಲೋಟ ಹಿಡ್ಕೊಂಡು ಬರ್ತಿದ್ಲು," ಎಂದುಬಿಟ್ಟಿದ್ದ. ಮಗಳು ಸುಮ್ಮನೆ ಎದ್ದು ಅಡುಗೆಮನೆಗೆ ಬಂದಿದ್ದಳು.

ಅಪ್ಪನನ್ನು ಊರೆಲ್ಲ ಕರೆಯುತ್ತಿದ್ದದ್ದು ಮೂಗು ಮೇಷ್ಟ್ರು ಎಂದು. ಮೇಷ್ಟ್ರೆಂದರೆ ಶಾಲೆಯ ಮೆಟ್ಟಿಲು ಹತ್ತಿ ಪಾಠ ಹೇಳಿದವರಲ್ಲ. ಬಿಸ್ಕತ್ತು ಕಾರ್ಖಾನೆಯ ಒಲೆಗಳ ಉಸ್ತುವಾರಿ. ಬಾಗಿಲಲ್ಲಿ ನಿಂತು ಒಂದು ಸಲ ಉಸಿರೆಳೆದುಕೊಂಡರೆ ಸಾಕು, ಎರಡನೆಯ ಒಲೆಗೆ ಇನ್ನೆರಡು ನಿಮಿಷ, ಐದನೆಯದನ್ನು ಈಗಲೇ ತೆಗೀರಿ ಎಂದು ಹೇಳುತ್ತಿದ್ದ ಮೂಗು ಅದು. ಆ ಮೂಗು ಕೈಕೊಟ್ಟು ಹನ್ನೊಂದು ವರ್ಷವಾಗಿತ್ತು. ಸುಟ್ಟದ್ದು, ಹಳಸಿದ್ದು, ಹೂವು, ಸೋಪು, ಯಾವುದೂ ಅದಕ್ಕೆ ತಿಳಿಯುತ್ತಿರಲಿಲ್ಲ. ಈ ಸಂಗತಿಯನ್ನು ಮೇಷ್ಟ್ರು ಯಾರ ಮುಂದೆಯೂ ಬಾಯಿಬಿಟ್ಟಿರಲಿಲ್ಲ. ಹೆಂಡತಿಯ ಮುಂದೆಯೂ ಇಲ್ಲ.

ಹೇಳಬೇಕೆಂದುಕೊಂಡದ್ದು ಒಂದೆರಡು ಸಲವಲ್ಲ. ನಿವೃತ್ತಿಯಾದ ದಿನ ಹೇಳೋಣವೆಂದುಕೊಂಡರು, ಮಗಳ ಮದುವೆ ಮುಗಿಯಲಿ ಎಂದುಕೊಂಡರು, ಈ ಶನಿವಾರ ಹೇಳಿಯೇ ತೀರುವುದೆಂದುಕೊಂಡರು. ಗುರುವಾರ ಬೆಳಿಗ್ಗೆ ಅಂಗಡಿಗೆ ಕೆಲಸಕ್ಕೆಂದು ಹೊರಟ ಹೆಂಡತಿ ಹೊಸ್ತಿಲ ಬಳಿ ಚಪ್ಪಲಿ ಹಾಕಿಕೊಳ್ಳಲು ಬಗ್ಗಿದವಳು ಮತ್ತೆ ಏಳಲಿಲ್ಲ. ಇವತ್ತು ಶವದ ಪೆಟ್ಟಿಗೆಯ ಮೇಲೆ ಹೂವಿಡುವಾಗ ಹೊಲಿಗೆಯಕ್ಕ, "ಎಷ್ಟು ಘಮ ನೋಡಿ, ಅವಳಿಗೆ ಇಷ್ಟ ಇದು," ಎಂದಾಗ ಮೇಷ್ಟ್ರು ಹೂಂ ಎಂದು ತಲೆಯಾಡಿಸಿದ್ದರು. ಅವಳ ಪೆಟ್ಟಿಗೆಯ ಮುಂದೆ ನಿಂತು ಕೂಡ ಸುಳ್ಳು ಹೇಳಿದೆನಲ್ಲ ಎಂದು ಆಗಿನಿಂದ ಅವರಿಗೆ ತಮ್ಮ ಮೇಲೇ ಹೇಸಿಗೆ ಹುಟ್ಟಿತ್ತು.

*

ಹನ್ನೊಂದು ವರ್ಷದ ಹಿಂದೆ, ಹದಿಮೂರು ದಿನ ಕಾಡಿದ ಜ್ವರ ಬಿಟ್ಟು ಕೆಲಸಕ್ಕೆ ಮರಳಿದ ದಿನ. ನಾಲ್ಕನೆಯ ಒಲೆಯ ಮುಂದೆಯೇ ನಿಂತಿದ್ದ ಮೇಷ್ಟ್ರಿಗೆ ಆಚೆಯಿಂದ ಒಬ್ಬ ಕೂಗಿ ಹೇಳಬೇಕಾಯಿತು, "ಮೇಷ್ಟ್ರೇ, ಸೀದುಹೋಗ್ತಿದೆ." ತಿರುಗಿ ನೋಡಿದರೆ ಹೊಗೆ ಕಂಡಿತು, ವಾಸನೆ ಬರಲಿಲ್ಲ. ಜ್ವರದ ಮಂಪರು ಎಂದು ನಕ್ಕು ತೇಲಿಸಿಬಿಟ್ಟರು. ಅಂದಿನಿಂದ ಗೋಡೆ ಗಡಿಯಾರ ನೋಡಿ, ಬಿಸ್ಕತ್ತಿನ ಅಂಚಿನ ಬಣ್ಣ ನೋಡಿ ಹದ ಹೇಳತೊಡಗಿದರು. ಬಾಗಿಲಲ್ಲಿ ನಿಂತು ಉಸಿರೆಳೆದುಕೊಳ್ಳುವುದನ್ನು ಮಾತ್ರ ಬಿಡಲಿಲ್ಲ. ಮಗಳ ಓದು ಇನ್ನೂ ಮುಗಿದಿರಲಿಲ್ಲ. ಮೂಗಿಲ್ಲದ ಮೂಗು ಮೇಷ್ಟ್ರನ್ನು ಯಾವ ಕಾರ್ಖಾನೆ ಇಟ್ಟುಕೊಳ್ಳುತ್ತದೆ?

ಹೆಂಡತಿಗಾದರೂ ಹೇಳಬಹುದಿತ್ತು. ಆದರೆ ಶನಿವಾರದ ಲೋಟವೊಂದಿತ್ತಲ್ಲ.

ಅವಳು ಔಷಧಿ ಅಂಗಡಿಯಲ್ಲಿ ಕಾಂಪೌಂಡರ್. ವಾರವೆಲ್ಲ ಬೇರೆಯವರ ಕೆಮ್ಮಿಗೆ, ಹೊಟ್ಟೆನೋವಿಗೆ ಅಳೆದು ಬೆರೆಸುತ್ತಿದ್ದವಳು, ಶನಿವಾರ ಸಂಜೆ ಮಾತ್ರ ತಮ್ಮಿಬ್ಬರಿಗಾಗಿ, ಮನೆಗೆ ಬಂದವರಿದ್ದರೆ ಅವರಿಗೂ ಸೇರಿಸಿ, ಬೆರೆಸುತ್ತಿದ್ದಳು. ಬಾದಾಮಿ ಪರಿಮಳದ ಸಿಹಿ ಮದ್ಯ, ಹಿಂಡಿದ ನಿಂಬೆ, ಒಂದಿಷ್ಟು ಕಿತ್ತಳೆರಸ, ಒಂದು ಮೊಟ್ಟೆಯ ಬಿಳಿ. ಎಲ್ಲವನ್ನೂ ಜಾಮಿನ ಹಳೆಯ ಸೀಸೆಗೆ ಐಸಿನ ಜೊತೆ ಹಾಕಿ, ಸೀಸೆಗೆ ಟವೆಲ್ ಸುತ್ತಿ, ಇಪ್ಪತ್ತು ಎಣಿಸುವವರೆಗೆ ಕುಲುಕುತ್ತಿದ್ದಳು. ಲೋಟದ ಮೇಲೆ ಬೆರಳಗಲದ ಬಿಳಿ ನೊರೆ ನಿಲ್ಲುತ್ತಿತ್ತು. ಮೊದಲ ಗುಟುಕು ಮಾತ್ರ ಒಬ್ಬರ ಲೋಟದಿಂದ ಇನ್ನೊಬ್ಬರು ಕುಡಿಯಬೇಕು. "ನಾನು ದಿನವಿಡೀ ಔಷಧಿ ಬೆರೆಸೋಳು. ನನ್ನ ನಂಬಬೇಡಿ. ಮೊದಲು ನನ್ನ ಲೋಟದ್ದು ಕುಡೀರಿ," ಎಂದು ಮದುವೆಯಾದ ಹೊಸತರಲ್ಲಿ ತಮಾಷೆಗೆ ಹೇಳಿದ್ದು ಹಾಗೇ ರೂಢಿಯಾಗಿತ್ತು. ವಾಸನೆ ಬಾರದವನಿಗೆ ಇಷ್ಟೆಲ್ಲ ಪಾಡು ಯಾಕೆಂದು ಅವಳು ಅದನ್ನು ನಿಲ್ಲಿಸಿಬಿಟ್ಟರೆ ಏನು ಗತಿ ಎಂದು ಮೇಷ್ಟ್ರು ಹೆದರಿದರು. ಹೆದರಿಕೆ ಅಷ್ಟೇ, ಬೇರೇನೂ ಅಲ್ಲ.

"ಏನ್ರೀ, ಹೇಗಿದೆ?" ಎಂದಿದ್ದಳು, ಜ್ವರದ ನಂತರದ ಒಂದು ಶನಿವಾರ.

ನಾಲಗೆಗೆ ತಾಗಿದ್ದು ತಂಪು, ಸಿಹಿ. "ಬಾದಾಮಿ ಘಮ್ ಅಂತಿದೆ," ಎಂದರು ಮೇಷ್ಟ್ರು.

ಅವಳು ಸ್ವಲ್ಪ ಹೊತ್ತು ಅವರ ಮುಖವನ್ನೇ ನೋಡಿದಳು. "ಹೌದಾ," ಎಂದಳು.

ಆಮೇಲಿನ ವಾರಗಳಲ್ಲಿ ಲೋಟಕ್ಕೆ ಮೆಲ್ಲಗೆ ಜೀವ ಬಂದಿತು. ನಾಲಗೆಯ ಎರಡೂ ಅಂಚು ಎಚ್ಚರಗೊಂಡು ಕಣ್ಣಲ್ಲಿ ನೀರಾಡುವಂಥ ಚುರುಕು. ಊಟವೆಲ್ಲ ರಟ್ಟು ಅಗಿದಂತಿದ್ದ ದಿನಗಳಲ್ಲಿ ವಾರಕ್ಕೊಮ್ಮೆ ಒಂದು ರುಚಿ. ಮೂಗು ಮರಳುತ್ತಿದೆಯೇನೋ ಎಂದು ಮೇಷ್ಟ್ರು ಆಸೆಪಟ್ಟರು. ಮರಳಲಿಲ್ಲ. ಆದರೂ ಶನಿವಾರದ ದಾರಿ ಕಾಯುವುದನ್ನು ಬಿಡಲಿಲ್ಲ.

*

ಮಗಳು ಬಾಟಲಿಯ ಹಿಂದೆ ಅಚ್ಚಾಗಿದ್ದ ಅಳತೆಯಂತೆ, ಎರಡು ಪಾಲು ಬಾದಾಮಿಗೆ ಒಂದು ಪಾಲು ನಿಂಬೆರಸ ಹಾಕಿ ಕುಲುಕಿದಳು. ಐದು ಲೋಟಗಳನ್ನು ತಟ್ಟೆಯಲ್ಲಿಟ್ಟು ತಂದಳು.

ಹೆಂಡತಿಯ ತಮ್ಮ ಲೋಟ ತೆಗೆದುಕೊಂಡು, ಎದೆ ಗಟ್ಟಿ ಮಾಡಿಕೊಂಡವನಂತೆ ಒಂದು ಗುಟುಕು ಕುಡಿದ. ಅವನ ಹುಬ್ಬು ಮೇಲೇರಿತು. "ಅರೆ, ಚೆನ್ನಾಗಿದೆಯಲ್ಲೇ."

"ಚೆನ್ನಾಗಿರಬಾರದಿತ್ತಾ ಮಾವ?"

"ಹಾಗಲ್ಲಮ್ಮ. ಅಕ್ಕ ಕೊಟ್ಟರೆ ಒಂದು ಗುಟುಕಿಗೇ ಹಲ್ಲೆಲ್ಲ ಚುಳ್ ಅಂತಿತ್ತು. ಅವಳು ಆಚೆ ತಿರುಗಿದಾಗ ನಾನು ಹೂವಿನ ಕುಂಡಕ್ಕೆ ಸುರಿದುಬಿಡ್ತಿದ್ದೆ."

"ನಾನು ಸೆಕೆ ಅಂತ ಕಿಟಕಿ ಹತ್ರ ಹೋಗ್ತಿದ್ದೆ," ಎಂದು ಹೊಲಿಗೆಯಕ್ಕ ನಕ್ಕಳು. ನಗುತ್ತಿದ್ದಂತೆ ಅವಳ ಕಣ್ಣು ತುಂಬಿ ಬಂತು.

ಅಂಗಡಿಯ ಯಜಮಾನರು ಲೋಟವನ್ನು ತೊಡೆಯ ಮೇಲಿಟ್ಟುಕೊಂಡರು. "ನನಗೂ ಅದೇ ಆಶ್ಚರ್ಯ. ಇಪ್ಪತ್ತಾರು ವರ್ಷದಲ್ಲಿ ಒಂದು ಹನಿ ಹೆಚ್ಚುಕಮ್ಮಿ ಮಾಡಿದ ಕೈ ಅಲ್ಲ ಅದು. ನಿಂಬೆಹಣ್ಣಿಗೆ ಬಂದರೆ ಮಾತ್ರ ಲಂಗುಲಗಾಮಿಲ್ಲ. ಅದೂ ಸಾಲದು ಅಂತ ಅಂಗಡಿಯಿಂದ ತಿಂಗಳಿಗೊಂದು ಪೊಟ್ಟಣ ನಿಂಬೆಹುಳಿ ಪುಡಿ ಬೇರೆ ತಗೊಂಡು ಹೋಗೋರು. ಏನಕ್ಕಮ್ಮ ಅಂದ್ರೆ, ಮನೆಯಲ್ಲಿ ಒಬ್ಬರಿಗೆ ಬೇಕು ಅನ್ನೋರು."

ಮೇಷ್ಟ್ರು ತಮ್ಮ ಲೋಟದಿಂದ ಕುಡಿದರು. ತಣ್ಣನೆಯ ಸಕ್ಕರೆ ನೀರು. ಇನ್ನೊಂದು ಗುಟುಕು ಕುಡಿದರು. ಅಷ್ಟೇ. ದುಃಖಕ್ಕೆ ನಾಲಗೆಯೂ ಕೆಟ್ಟಿತೇನೋ ಎಂದುಕೊಂಡರು.

"ಹುಳಿ ಸಾಲದು," ಎಂದರು.

"ಭಾವ, ನಿಮಗೆ ಅಕ್ಕ ಅಭ್ಯಾಸ ಮಾಡಿಸಿಬಿಟ್ಟಿದ್ಲು ಬಿಡಿ," ಎಂದ ತಮ್ಮ.

"ಅವಳು ಮೊದಲಿಂದ ಹಾಗೇ ಮಾಡ್ತಿದ್ಲಲ್ಲ?"

"ಎಲ್ಲಿ ಮೊದಲಿಂದ? ಮೊದಲೆಲ್ಲ ಇದೇ ರುಚಿ, ಇನ್ನೊಂದು ಲೋಟ ಕೇಳಿ ಕುಡೀತಿದ್ವಿ. ನಿಮಗೆ ಆ ದೊಡ್ಡ ಜ್ವರ ಬಂತಲ್ಲ, ಆ ವರ್ಷದಿಂದ ಈಚೆಗೆ ಕೈ ಕೆಟ್ಟಿದ್ದು."

ಮೇಷ್ಟ್ರು ಲೋಟವನ್ನು ಕೆಳಗಿಟ್ಟರು.

"ಜ್ವರ ಅಂದಾಗ ನೆನಪಾಯ್ತು," ಎಂದಳು ಹೊಲಿಗೆಯಕ್ಕ. "ಅದಾದ ಮೇಲೆ ಒಂದು ಶನಿವಾರ ಬಾದಾಮಿ ಬಾಟಲಿ ಕೈಜಾರಿ ಒಡೆದುಹೋಯ್ತಂತೆ. ಸಕ್ಕರೆ ಪಾಕಕ್ಕೆ ಒಂಚೂರು ಬ್ರಾಂದಿ ಸೇರಿಸಿ ಕೊಟ್ಟಳಂತೆ. ಇವರು ಕುಡಿದು, ಬಾದಾಮಿ ಘಮ್ ಅಂತಿದೆ ಅಂದರಂತೆ. ನನಗೆ ನಗು ತಡೀಲಾಗಲಿಲ್ಲ. ಅವಳು ನಗಲಿಲ್ಲ. ನಮ್ಮನೆ ಮೆಟ್ಟಿಲ ಮೇಲೆ ಕೂತು ಅತ್ತಳು. ಇಷ್ಟಕ್ಕೆಲ್ಲ ಯಾರಾದ್ರೂ ಅಳ್ತಾರೇನೇ ಅಂದ್ರೆ, ಹೇಳಲಿಲ್ಲ. ನಿನ್ನ ಹತ್ರ ಎಷ್ಟು ನಿಂಬೆಹಣ್ಣಿದೆ ಕೊಡು ಅಂತ ಇಸಕೊಂಡು ಹೋದಳು."

ಯಾರೋ ನಕ್ಕರು. ಯಾರೆಂದು ಮೇಷ್ಟ್ರು ನೋಡಲಿಲ್ಲ. ಗೊತ್ತಿತ್ತು ಅವಳಿಗೆ. ಹನ್ನೊಂದು ವರ್ಷದಿಂದ ಗೊತ್ತಿತ್ತು. ಕಾರ್ಖಾನೆಯನ್ನೆಲ್ಲ ಯಾಮಾರಿಸಿದೆನೆಂದು ಒಳಗೊಳಗೇ ಬೀಗುತ್ತಿದ್ದ ಮನುಷ್ಯ ಹೆಂಡತಿಯೆದುರು ಮೊದಲ ತಿಂಗಳಲ್ಲೇ ಸಿಕ್ಕಿಬಿದ್ದಿದ್ದ.

"ಯಾಕೆ ಭಾವ, ಏನಾಯ್ತು?"

"ಏನಿಲ್ಲಪ್ಪ," ಎಂದರು ಮೇಷ್ಟ್ರು. ಹೇಳಬೇಕೆಂದು ಬಾಯಿ ತೆರೆದದ್ದು ನಿಜ. ಬಂದದ್ದು ಅಷ್ಟೇ.

*

ಹೋದ ಶನಿವಾರ ಅವರ ಲೋಟದಿಂದ ಗುಟುಕು ಕುಡಿದು, ತನ್ನ ಲೋಟ ಹಿಡಿದು ಅವಳು ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಕುಳಿತಿದ್ದಳು. ಪ್ರತಿ ಗುಟುಕಿಗೂ ಕಣ್ಣು ಮುಚ್ಚಿಕೊಳ್ಳುತ್ತಿದ್ದಳು. ರುಚಿಗೆ ಹಾಗೆ ಮುಚ್ಚುತ್ತಾಳೆಂದು ಮೇಷ್ಟ್ರು ಅದೆಷ್ಟೋ ವರ್ಷದಿಂದ ತಿಳಿದಿದ್ದರು. ಅವಳಿಗೆ ಎದೆಯುರಿ ಇತ್ತು. ಹುಳಿ ಮುಟ್ಟಬೇಡಿ ಎಂದು ಡಾಕ್ಟರು ಹೇಳಿದ್ದರು. ತಿಳಿಸಾರಿಗೂ ಹುಳಿ ಹಾಕಿಕೊಳ್ಳದವಳು ಲೋಟದ ತಳ ಕಾಣುವವರೆಗೂ ಕುಡಿದು, "ಚೆನ್ನಾಗಿತ್ತು ಅಲ್ವೇನ್ರೀ," ಎಂದಿದ್ದಳು.

"ಬಹಳ ಚೆನ್ನಾಗಿತ್ತು," ಎಂದಿದ್ದರು ಮೇಷ್ಟ್ರು. ಮೂಗಿನ ವಿಷಯ ಅಂದೇ ಹೇಳುವುದೆಂದು ಕುಳಿತಿದ್ದವರು, ಅವಳು ಲೋಟ ತೊಳೆಯಲು ಎದ್ದದ್ದರಿಂದ ಮುಂದಿನ ವಾರಕ್ಕೆ ಹಾಕಿದ್ದರು.

*

ಹೊತ್ತು ಮುಳುಗುವ ಮುಂಚೆ ಮೂವರೂ ಹೊರಟರು. ಹೊಲಿಗೆಯಕ್ಕ ಮೇಷ್ಟ್ರ ಕೈಹಿಡಿದು, ಏನಾದರೂ ಬೇಕಾದರೆ ಗೋಡೆ ತಟ್ಟಿ ಎಂದು ಹೇಳಿ ಹೋದಳು. ಮಗಳು ಲೋಟಗಳನ್ನು ನಲ್ಲಿಯಡಿಗೆ ಇಟ್ಟಳು. ಅಪ್ಪನ ಲೋಟ ಮಾತ್ರ ಹೆಚ್ಚುಕಡಿಮೆ ಹಾಗೇ ತುಂಬಿತ್ತು.

"ಸೇರಲಿಲ್ವಾ ಅಪ್ಪ?"

"ನಂಗೆ ವಾಸನೆ ಬರಲ್ಲ," ಎಂದರು ಮೇಷ್ಟ್ರು.

ಮಗಳು ನಲ್ಲಿ ನಿಲ್ಲಿಸಿದಳು. "ಏನಂದೆ?"

"ಆ ಜ್ವರದಲ್ಲಿ ಹೋಯ್ತು. ಯಾವುದೂ ಬರಲ್ಲ. ಬಾದಾಮಿ ಇಲ್ಲ, ಹೂವು ಇಲ್ಲ. ಹುಳಿ ಒಂದು ಗೊತ್ತಾಗುತ್ತೆ. ಜಾಸ್ತಿ ಹಾಕಿದ್ರೆ."

ಮಗಳಿಗೆ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. ಅಮ್ಮನ ಹುಳಿಯ ಬಗ್ಗೆ ಅವಳೂ ಎಷ್ಟೋ ಸಲ ಆಡಿಕೊಂಡಿದ್ದಳು. ಒಮ್ಮೆಯಂತೂ ನೆಂಟರೆದುರೇ ಮುಖ ಕಿವುಚಿ ಸಿಂಕಿಗೆ ಚೆಲ್ಲಿದ್ದಳು. ಅಮ್ಮ ಏನೂ ಅನ್ನದೆ ಲೋಟ ತೊಳೆದಿಟ್ಟಿದ್ದಳು.

"ಅಮ್ಮಂಗೆ ಹೇಳಿದ್ಯಾ?"

"ಇಲ್ಲ."

"ಅವಳು ಕೇಳಿದ್ಲಾ?"

"ಇಲ್ಲಮ್ಮ. ಕೇಳಿದ್ರೆ ನಾನು ಒಪ್ಕೋಬೇಕಾಗ್ತಿತ್ತು. ಅದಕ್ಕೇ ಕೇಳಲಿಲ್ಲ."

ಮೇಷ್ಟ್ರು ಎದ್ದು ಮಲಗುವ ಕೋಣೆಗೆ ಹೋದರು. ಬಾಗಿಲ ಹಿಂದಿನ ಮೊಳೆಯಲ್ಲಿ ಅವಳು ಅಂಗಡಿಯಲ್ಲಿ ಹಾಕಿಕೊಳ್ಳುತ್ತಿದ್ದ ಬಿಳಿಯ ಕೋಟು ನೇತಾಡುತ್ತಿತ್ತು. ಬುಧವಾರ ಸಂಜೆ ಬಿಚ್ಚಿ ಹಾಕಿದ್ದು, ಇನ್ನೂ ಒಗೆದಿರಲಿಲ್ಲ. ಮೇಷ್ಟ್ರು ಅದನ್ನು ತೆಗೆದು ಕುತ್ತಿಗೆಪಟ್ಟಿಯ ಬಳಿ ಮುಖವಿಟ್ಟು ಉಸಿರೆಳೆದುಕೊಂಡರು. ಮತ್ತೆ ಮತ್ತೆ ಎಳೆದುಕೊಂಡರು. ಮೂಗಿಗೆ ಬಟ್ಟೆ ಒರಟಾಗಿ ತಾಗಿತು. ಕೋಟನ್ನು ಎರಡೂ ಕೈಯಲ್ಲಿ ಹಿಡಿದು ಅಡುಗೆಮನೆಗೆ ಬಂದರು.

"ಇದ್ರಲ್ಲಿ ಏನೇನು ವಾಸನೆ ಇದೆ, ಹೇಳಮ್ಮ," ಎಂದು ಮಗಳ ಮುಂದೆ ಹಿಡಿದರು. "ನಿಧಾನವಾಗಿ ಹೇಳು. ಒಂದನ್ನೂ ಬಿಡಬೇಡ."

ಮಗಳು ಒದ್ದೆ ಕೈ ಒರೆಸಿಕೊಂಡು ಕೋಟನ್ನು ತೆಗೆದುಕೊಂಡು, ಅದರಲ್ಲಿ ಮುಖ ಹುದುಗಿಸಿದಳು. ಮೇಷ್ಟ್ರು ಎದುರಿನ ಕುರ್ಚಿಯ ಅಂಚಿಗೆ ಬಂದು ಕುಳಿತರು. ಅವಳ ಭುಜ ಅಲುಗುತ್ತಿತ್ತು. ಅವಳು ಮುಖವೆತ್ತಲಿಲ್ಲ. ಮೇಷ್ಟ್ರು ಮೊಣಕಾಲ ಮೇಲೆ ಕೈಯಿಟ್ಟುಕೊಂಡು, ಕೇಳಿಸಿಕೊಳ್ಳಲೆಂದು ಮುಂದಕ್ಕೆ ಬಾಗಿ ಕಾಯುತ್ತಿದ್ದರು.